ಕಲಿತ ಕಪ್ಪೆ

ಮಾರ್ಚ್ 3
ಬೆಳಿಗ್ಗೆ ಲ್ಯಾಬಿನಲ್ಲಿ ಎಂದಿನಂತೆ. ಜೀರುಂಡೆಗಳಿಗೆ ನೀರು, ನೆಲಗಪ್ಪೆಗೆ ಜಿರಳೆ, ಕೊನೆಗೆ ನನಗೆ ಆರಿದ ಕಾಫಿ.
ಗುರುವಾರ ನಮ್ಮ ಪ್ರಾಜೆಕ್ಟ್ ನೋಡಲು ಕಮಿಟಿ ಬರುತ್ತದೆ. ಪ್ರಾಜೆಕ್ಟ್ ಮುಂದುವರಿದರೆ ಕೆಲಸ ಉಳಿಯುತ್ತದೆ. ಇಲ್ಲದಿದ್ದರೆ ಅಣ್ಣನ ಬಟ್ಟೆ ಅಂಗಡಿಯ ಗಲ್ಲಾ... ಭಯವಾಗುತ್ತಿದೆ.
ತೋರಿಸಬೇಕಾದ್ದು ಇಷ್ಟೇ. ಕಪ್ಪೆ ಜೀರುಂಡೆಯನ್ನು ಬಾಯಿಗೆ ಹಾಕಿಕೊಳ್ಳುತ್ತದೆ. ಜೀರುಂಡೆ ಹಿಂಬದಿಯಿಂದ ಸುಡುವ ರಸ ಸಿಡಿಸುತ್ತದೆ. ಕಪ್ಪೆ ಉಗುಳುತ್ತದೆ.

ಮಾರ್ಚ್ 5, ಸಂಜೆ 4
ಪ್ರೊಫೆಸರ್ ಬಂದರು. "ಒಂದ್ಸಲ ರಿಹರ್ಸಲ್ ಮಾಡ್ಬಿಡೋಣಮ್ಮ. ನಾಳೆ ಎಡವಟ್ಟಾಗ್ಬಾರ್ದು."
ಮಾಡಿದೆವು. ಟಪ್! ಕಪ್ಪೆ ಉಗುಳಿ, ನಾಲಿಗೆ ಹೊರಗೆ ಬಿಟ್ಟು ಕೂತಿತು. ನಾನು ಮೊದಲ ಸಲ ಅಡುಗೆ ಮಾಡಿದ ದಿನ ಅಣ್ಣನದೂ ಅದೇ ಮುಖ. ಪ್ರೊಫೆಸರ್ ಚಪ್ಪಾಳೆ ತಟ್ಟಿದರು.

ಅದೇ ದಿನ, 6
ಕಪ್ಪೆ ಜಿರಳೆಯನ್ನೂ ಮುಟ್ಟುತ್ತಿಲ್ಲ.
ಒಮ್ಮೆ ಬಾಯಿ ಸುಟ್ಟುಕೊಂಡ ಪ್ರಾಣಿ ಆ ಹುಳುವಿನ ತಂಟೆಗೆ ಮತ್ತೆ ಹೋಗುವುದಿಲ್ಲ — ಪ್ರೊಫೆಸರ್ ಡಾಕ್ಟರೇಟ್ ಮಾಡಿದ್ದೇ ಇದರ ಮೇಲೆ. ನಾನೂ ಓದಿದವಳೇ. ಇಬ್ಬರಿಗೂ ಹೊಳೆಯಲಿಲ್ಲವಲ್ಲ, ನಮ್ಮ ಬುದ್ಧಿಗಿಷ್ಟು.
ಫೋನ್ ಮಾಡಿದೆ. "ಸರ್, ಕಪ್ಪೆ ಕಲಿತ್ಬಿಡ್ತು."
ಅತ್ತಲಿಂದ, "...ಬೇರೆ ಕಪ್ಪೆ?"
"ಇರೋದೇ ಇದೊಂದು, ಸರ್."

ಮಾರ್ಚ್ 6
ಜೀರುಂಡೆ ಕಂಡದ್ದೇ ಕಪ್ಪೆ ಕಮಿಟಿಯ ಮುಂದೆ ಬೆನ್ನು ತಿರುಗಿಸಿ ಕೂತಿತು.
"ಇದಕ್ಕೆ ಹುಷಾರಿಲ್ವೇನಮ್ಮ?" ಅಂದರು ಅಧ್ಯಕ್ಷರು.
"ಹುಷಾರಾಗಿದೆ ಸರ್. ಅದಕ್ಕೆ ಅನುಭವ ಆಗಿದೆ."
"ಇಷ್ಟೇ ಇಷ್ಟು ಹುಳ, ಏನ್ ಮಹಾ ಮಾಡುತ್ತೆ?" ಎನ್ನುತ್ತ ಬೆರಳಲ್ಲಿ ಎತ್ತಿ ಮೂಗಿನ ಹತ್ತಿರ — ಬೇಡ ಅನ್ನುವಷ್ಟರಲ್ಲಿ ಟಪ್. ಟಪ್.
ಬೆರಳು ಕಂದು, ಮೂಗು ಕೆಂಪು. ನೀರು, ಟವೆಲ್, ಓಡಾಟ. ಪ್ರೊಫೆಸರ್ ಕೆಮ್ಮಿದಂತೆ ಮಾಡಿ ಹೊರಗೆ ಹೋದರು, ಭುಜ ಮಾತ್ರ ಕುಲುಕುತ್ತಿತ್ತು.
ಆಮೇಲೆ ಬಿಸ್ಕತ್ತಿನ ತಟ್ಟೆ ಮುಂದಿಟ್ಟೆ. ಅಧ್ಯಕ್ಷರು ಕುರ್ಚಿ ಹಿಂದಕ್ಕೆ ಸರಿಸಿದರು. ಕೆಲಸ ಹೋಯಿತು ಅಂದುಕೊಂಡೆ.

ಮಾರ್ಚ್ 20
ಉಳಿಯಿತು. ಪ್ರಾಜೆಕ್ಟ್ ಮುಂದುವರಿಸಿದ್ದಾರೆ. ಪತ್ರ ಓದಿ ಅತ್ತುಬಿಟ್ಟೆ. ಅಧ್ಯಕ್ಷರ ಷರಾ: "ಪರಿಣಾಮವನ್ನು ಸ್ವತಃ ಅನುಭವಿಸಿದ್ದೇನೆ."
ಕಪ್ಪೆ ಮತ್ತೆ ಜಿರಳೆ ತಿನ್ನುತ್ತಿದೆ.
ಮಧ್ಯಾಹ್ನ ಅಧ್ಯಕ್ಷರೇ ಫೋನ್ ಮಾಡಿದ್ದರು. ಮುಂದಿನ ತಿಂಗಳು ತಮ್ಮ ಮೇಲಧಿಕಾರಿಯನ್ನು ಕರೆತರುತ್ತಾರಂತೆ. "ಕಪ್ಪೆ ಬೇಡಮ್ಮ, ಜೀರುಂಡೆ ಸಾಕು. ಅವರೂ ಹತ್ತಿರದಿಂದ ನೋಡ್ಲಿ."
ಪ್ರೊಫೆಸರಿಗೆ ಹೇಳಿದೆ. ಕನ್ನಡಕ ಒರೆಸಿಕೊಂಡು, ಜೀರುಂಡೆಯ ಡಬ್ಬಿ ನೋಡಿ, ನನ್ನ ಮೂಗು ನೋಡಿ, "ಹಾಗಾದ್ರೆ ಒಂದ್ಸಲ ರಿಹರ್ಸಲ್..." ಅಂದರು. ನಾನು ಡಬ್ಬಿ ಎತ್ತಿಕೊಂಡು ಅವರ ಕೈಗಿಟ್ಟು, ಕಪ್ಪೆಯ ಹಾಗೆ ಬೆನ್ನು ತಿರುಗಿಸಿ ಕೂತೆ.