ಲಿಖಿತಾಳ ಬಸ್ಸಿನ ಗ್ರಾಫು

ಭದ್ರಾವತಿ
೧೬ ನವೆಂಬರ್ ೨೦೨೫

ಪ್ರೀತಿಯ ವಿಜಯಣ್ಣ,

ನಮಸ್ಕಾರ. ನಾವೆಲ್ಲ ಕ್ಷೇಮ. ದೀಪಾವಳಿ ಮುಗಿದ ಕೂಡಲೇ ಬರೀತೀನಿ ಅಂದವಳು ಶಾಲೆ ಕೆಲಸದಲ್ಲಿ ಮುಳುಗಿಹೋದೆ, ಬೇಜಾರು ಮಾಡ್ಕೋಬೇಡ. ಫೋನಿನಲ್ಲಿ ಹೇಳಿ ಮುಗಿಸೋ ಸುದ್ದಿ ಅಲ್ಲ ಇದು, ಅದಕ್ಕೇ ಕಾಗದ.

ಈ ವರ್ಷ ನಮ್ಮ ಒಂಬತ್ತನೇ ಕ್ಲಾಸಿಗೆ ಲಿಖಿತಾ ಅಂತ ಹುಡುಗಿ ಸೇರಿದಾಳೆ. ಹುಟ್ಟಿನಿಂದ ಕಣ್ಣು ಕಾಣಲ್ಲ. ಅವಳಮ್ಮ ಇಲ್ಲಿ ನರ್ಸು, ದಿನಾ ಶಿವಮೊಗ್ಗದಿಂದ ಇಬ್ಬರೂ ಬಸ್ಸಿನಲ್ಲಿ ಬರ್ತಾರೆ. ಚಲನೆಯ ಪಾಠ ಶುರುವಾದಾಗ ಹೆಡ್‌ಮಾಸ್ಟರ್ ಲಕ್ಷ್ಮೀಕಾಂತ ಸರ್, "ಮೇಡಂ, ಪರೀಕ್ಷೇಲಿ ಗ್ರಾಫ್ ಪ್ರಶ್ನೆ ಅವಳಿಗೆ ಬೇಡ, ಬೇರೆ ಏನಾದ್ರೂ ಕೊಟ್ಟುಬಿಡಿ" ಅಂದ್ರು. ಕನಿಕರದಿಂದಲೇ ಅಂದಿದ್ದು. ಅದನ್ನ ಅವಳಿಗೆ ಹೇಳಿದೆ. "ಎಲ್ರೂ ಗ್ರಾಫ್ ಬರೀವಾಗ ನಾನೇನು ಮಾಡ್ಲಿ ಮೇಡಂ?" ಅಂದಳು.

ಮನೆಗೆ ಬಂದು ಥರ್ಮಾಕೋಲ್ ಹಲಗೆ ತಗೊಂಡು ಕೂತೆ. ಅಡ್ಡಕ್ಕೆ ಸಮಯ, ಮೇಲಕ್ಕೆ ದೂರ ಅಂತ ಎರಡು ದಪ್ಪ ಹುರಿ ಅಂಟಿಸಿ, ಅಳತೆಗೆ ಗುಂಡುಪಿನ್ನು ಚುಚ್ಚಿ, ಒಂದು ಪಿನ್ನಿನಿಂದ ಇನ್ನೊಂದಕ್ಕೆ ಉಲ್ಲನ್ ದಾರ ಎಳೆದೆ. ಮಾರನೇ ದಿನ, ಇದೊಂದು ಬಸ್ಸಿನ ಓಟ ಅಂತ ಹೇಳಿ ಅವಳ ಕೈಗೆ ಕೊಟ್ಟೆ. ಬೆರಳು ನಿಧಾನಕ್ಕೆ ದಾರ ಹತ್ತಿ ಹೋಯ್ತು, ಸಮತಟ್ಟಾದ ಕಡೆ ನಿಂತ್ಕೊಂಡ್ತು.

"ಇಲ್ಲಿ ಟೈಮ್ ಹೋಗ್ತಿದೆ, ದೂರ ಹೋಗ್ತಿಲ್ಲ. ಬಸ್ ನಿಂತಿದೆ ಅಲ್ವಾ ಮೇಡಂ?"

ಮಿಕ್ಕ ಪಿನ್ನು, ದಾರ ಎಲ್ಲ ಅವಳ ಕೈಗೇ ಕೊಟ್ಟುಬಿಟ್ಟೆ ಕಣೋ.

ಆಮೇಲೆ ತನ್ನ ಬಸ್ಸಿನ ಗ್ರಾಫನ್ನ ತಾನೇ ಮಾಡಿದಳು. ಮಲವಗೊಪ್ಪದ ತನಕ ದಾರ ಮೆಲ್ಲಗೆ ಏರಿದೆ, ಮಾಚೇನಹಳ್ಳಿಯಲ್ಲಿ ಚಪ್ಪಟೆ, ಅಲ್ಲಿಂದ ಬಾಗಿ ಬಾಗಿ ಕಡಿದಾಗಿ ಮೇಲಕ್ಕೆ. ಯಾಕೆ ಹಂಗೆ ಅಂದರೆ, "ಹಿಂದಿನ ಬಸ್ ಕಾಣಿಸಿತು ಅಂತ ಡ್ರೈವರ್ ಓಡಿಸ್ತಾನಲ್ಲ ಮೇಡಂ" ಅಂದಳು. ಕ್ಲಾಸೆಲ್ಲ ನಗು. ಪಕ್ಕದ ಸುನಿಲ್ ನಂದು ಇನ್ನೂ ಫಾಸ್ಟು ಅಂತ ದಾರವನ್ನ ನೆಟ್ಟಗೆ ಮೇಲಕ್ಕೆ ನಿಲ್ಲಿಸಿಬಿಟ್ಟ. ಲಿಖಿತಾ ಮುಟ್ಟಿ ನೋಡಿ, "ಮಾರಾಯ, ನಿನ್ನ ಬಸ್ಸು ಒಂದು ನಿಮಿಷಾನೂ ಆಗದೆ ಭದ್ರಾವತಿ ಮುಟ್ಟಿದೆ" ಅಂದಳು. ಸುನಿಲ್ ತಲೆ ಕೆರೆದುಕೊಂಡು ದಾರ ಬಿಚ್ಚಿದ.

ಗಲಾಟೆ ಕೇಳಿ ಹೆಡ್‌ಮಾಸ್ಟರ್ ಬಂದರು. ಹಲಗೆ ನೋಡಿದರು, ಅವಳ ಹತ್ತಿರ ನಾಲ್ಕಾರು ಪ್ರಶ್ನೆ ಕೇಳಿದರು. ಹೋಗುವಾಗ, "ಪರೀಕ್ಷೇಲಿ ಅವಳಿಗೂ ಗ್ರಾಫ್ ಇರ್ಲಿ. ಹಲಗೆ, ಪಿನ್ನು ನಾನು ತರಿಸ್ತೀನಿ" ಅಂದ್ರು. ಮೊನ್ನೆ ಕಿರುಪರೀಕ್ಷೆ ಆಯ್ತು. ಗ್ರಾಫಿಗೆ ಪೂರ್ತಿ ಅಂಕ. ಅವಳಮ್ಮ ಸ್ಟಾಫ್ ರೂಮಿಗೆ ಪೇಡಾ ತಂದು ಹಂಚಿದರು.

ಈಗ ನನಗೊಂದು ಪೇಚಾಟ. "ದಾರ ಬಾಗ್ತಾ ಹೋಗೋ ಕಡೆ, ಸರಿಯಾಗಿ ಈ ಒಂದು ಪಿನ್ನಿನ ಹತ್ತಿರ ಬಸ್ಸಿನ ವೇಗ ಎಷ್ಟು ಮೇಡಂ?" ಅಂತ ಕೇಳ್ತಿದಾಳೆ. ಉತ್ತರ ನನಗೆ ಗೊತ್ತು, ಅದನ್ನ ಬೆರಳಿಗೆ ತಿಳಿಸೋದು ಗೊತ್ತಿಲ್ಲ. ಪಿಯುಸಿಯಲ್ಲಿ ಸೈನ್ಸೇ ತಗೋತೀನಿ ಅಂತ ಬೇರೆ ಕೂತಿದಾಳೆ.

ಅತ್ತಿಗೆಗೆ ನಮಸ್ಕಾರ. ಅಮೂಲ್ಯ ಚೆನ್ನಾಗಿ ಓದಲಿ, ನೂರು ಕಾಲ ಸುಖವಾಗಿರಲಿ.

ನಿನ್ನ ತಂಗಿ,
ಶರಾವತಿ

ಮತ್ತೊಂದು ಮಾತು: ಅಮೂಲ್ಯ, ಇದನ್ನೂ ಬಿಡದೆ ನಿಮ್ಮಪ್ಪನಿಗೆ ಓದಿ ಹೇಳು ಪುಟ್ಟಿ. ಅಣ್ಣ, ನಿನ್ನ ಕಣ್ಣು ಹೋಗಿ ಎರಡು ವರ್ಷ ಆಗ್ತಾ ಬಂತು. ಕಾಲೇಜಿನ ಮೇಷ್ಟ್ರ ಕೆಲಸ ಬಿಟ್ಟು ನೀನು ಕೋಣೆ ಹಿಡಿದೆ. ಮನೇಲಿ ಫಿಸಿಕ್ಸಿನ ಮಾತು ಎತ್ತಬೇಡಿ ಅಂದೆ, ನಾವ್ಯಾರೂ ಎತ್ತಲಿಲ್ಲ. ಇವತ್ತು ಎತ್ತಿದೀನಿ. ಬರೋ ಭಾನುವಾರ ಲಿಖಿತಾನ ಕರ್ಕೊಂಡು ಬರ್ತೀನಿ. ಪಾಠ ಹೇಳೋದರಲ್ಲಿ ನಮ್ಮಣ್ಣನ ಹಾಗೆ ಯಾರೂ ಇಲ್ಲ ಅಂತಷ್ಟೇ ಅವಳಿಗೆ ಹೇಳಿರೋದು. ನಿನಗೆ ಕಣ್ಣು ಕಾಣಲ್ಲ ಅಂತ ಹೇಳಿಲ್ಲ. ಅದನ್ನ ನೀನೇ ಹೇಳು.