ಒಳಗಿನ ಗಡಿಯಾರಕ್ಕೆ ಇಪ್ಪತ್ನಾಲ್ಕು ಗಂಟೆ ಆಗುವುದು ಯಾವಾಗ?

ರಾಸಾಯನಿಕ ಸುರಕ್ಷತಾ ಅಧಿಕಾರಿಗಳಿಗೆ,

ಮಾನ್ಯರೇ,

ನನ್ನ ತಂಗಿ ನಲವತ್ತು ದಿನಗಳಿಂದ ಗೋದಾಮಿನ ನಾಲ್ಕನೇ ಕೋಣೆಯಲ್ಲಿ ಬಂದಿಯಾಗಿದ್ದಾಳೆ. ಬೀಗ ಹಾಕಿಸಿದವರು ನೀವು. ನಿಮ್ಮ ಪ್ರಕಾರ ಬೀಗ ಬಿದ್ದು ಬರೀ ಹತ್ತು ನಿಮಿಷವಾಗಿದೆ.

ಓದುವವರಿಗೆಲ್ಲ ಗೊತ್ತಾಗಲಿ ಎಂದು ವಿವರಿಸುತ್ತೇನೆ. ನಿಮ್ಮ ಕಡತದಲ್ಲಿ ‘ವಸ್ತು ಸಂಖ್ಯೆ ಹದಿನೇಳು’ ಎಂದು ಗಂಭೀರವಾಗಿ ಕೂತಿರುವ ಬೂದು ಪುಡಿಗೆ ಕೆಲಸಗಾರರು ಇಟ್ಟ ಹೆಸರು ನಿಧಾನಪ್ಪ. ಡಬ್ಬಿಯೊಳಗಿದ್ದರೆ ಸಾಧು, ಚೆಲ್ಲಿದರೆ ಆ ಕೋಣೆಯಲ್ಲಿ ಕಾಲವೇ ತೆವಳತೊಡಗುತ್ತದೆ. ಡಬ್ಬಿಗಳಿಗೆ ಚೀಟಿ ಅಂಟಿಸುವುದು ನನ್ನ ತಂಗಿಯ ಕೆಲಸ. ಅಂದು ಬೆಳಿಗ್ಗೆ ಒಂಬತ್ತು ಇಪ್ಪತ್ತಕ್ಕೆ ಮೇಲಿನ ಹಲಗೆಯಿಂದ ಒಂದು ಡಬ್ಬಿ ಉರುಳಿ ಮುಚ್ಚಳ ಬಿಚ್ಚಿಕೊಂಡಿತು. ತಕ್ಷಣ ಬಾಗಿಲು ಮುಚ್ಚಿದರು. ಇಪ್ಪತ್ನಾಲ್ಕು ಗಂಟೆ ತೆರೆಯುವಂತಿಲ್ಲ, ಮತ್ತು ಲೆಕ್ಕ ಕೋಣೆಯೊಳಗಿನ ಗಡಿಯಾರದ್ದೇ ಎಂದು ನಿಮ್ಮ ನಿಯಮ. ಹಿಂದೆ ಗೋದಾಮಿನ ಮಾಲೀಕರು ಹೊರಗಿನ ಗಡಿಯಾರದ ಮುಳ್ಳು ತಿರುಗಿಸಿ ಕೆಲಸಗಾರರನ್ನು ಬೇಗ ಒಳಗೆ ನೂಕುತ್ತಿದ್ದರಂತೆ, ಅದನ್ನು ತಡೆಯಲು ಮಾಡಿದ್ದು. ಒಳ್ಳೆಯ ಉದ್ದೇಶವೇ. ಆದರೆ ನಿಧಾನಪ್ಪ ಒಳಗಿನ ಗಡಿಯಾರವನ್ನೂ ಬಿಡುವುದಿಲ್ಲ ಎಂದು ನಿಮ್ಮಲ್ಲಿ ಒಬ್ಬರಿಗೂ ಹೊಳೆಯಲಿಲ್ಲವೇ? ಬಾಗಿಲ ಗಾಜಿನ ಕಿಂಡಿಯಲ್ಲಿ ಇಣುಕಿದರೆ ಅಲ್ಲಿ ಈಗ ಒಂಬತ್ತೂವರೆ.

ನಾನು ಬಟ್ಟೆ ಹೊಲಿಯುವವಳು. ಅಳತೆ ತಪ್ಪಿದರೆ ಬಿಚ್ಚಿ ಮತ್ತೆ ಹೊಲಿಯುತ್ತೇನೆ. ನಿಮ್ಮ ಅಳತೆಯನ್ನೂ ಹಾಕಿ ನೋಡಿದೆ. ಹತ್ತು ನಿಮಿಷಕ್ಕೆ ನಲವತ್ತು ದಿನವಾದರೆ ಇಪ್ಪತ್ನಾಲ್ಕು ಗಂಟೆಗೆ ಹದಿನೈದು ವರ್ಷ ಒಂಬತ್ತು ತಿಂಗಳು. ಅವಳ ಮಗುವಿಗೆ ಈಗ ಹನ್ನೊಂದು ತಿಂಗಳು. ಅಷ್ಟರಲ್ಲಿ ತಾವು ಹಾರ ಹಾಕಿಸಿಕೊಂಡು ನಿವೃತ್ತರಾಗಿರುತ್ತೀರಿ. ಬೀಗ ತೆರೆಯುವ ಗೌರವವನ್ನು ಯಾರಿಗೆ ಬಿಟ್ಟುಕೊಡುತ್ತೀರಿ?

ಕಳೆದ ವಾರ ಮಗುವನ್ನು ಸೊಂಟದ ಮೇಲೆ ಕೂರಿಸಿಕೊಂಡು ನಿಮ್ಮ ಮೇಜಿನ ಮುಂದೆ ನಿಂತಿದ್ದೆ. ನೀವು ಕನ್ನಡಕ ಒರೆಸಿಕೊಳ್ಳುತ್ತ ಹೇಳಿದ್ದು ಇಷ್ಟು:

“ಒಳಗೆ ಅವರು ಆರಾಮಾಗಿದ್ದಾರಮ್ಮ. ಹಸಿವು ಕೂಡ ಆಗಿರಲ್ಲ. ನಿಮಗ್ಯಾಕೆ ಇಷ್ಟು ಆತುರ?”

“ಹಸಿವು ಮಗೂಗೆ ಆಗತ್ತಲ್ಲ ಸಾರ್.”

“ಅದಕ್ಕೆ ನೀವಿದ್ದೀರಲ್ಲ?”

ಹೌದು, ನಾನಿದ್ದೇನೆ. ನನ್ನ ಹೆದರಿಕೆಯೂ ಅದೇ.

ಬಾಗಿಲು ತೆರೆದರೆ ಅಪಾಯ ಎನ್ನುತ್ತೀರಿ. ಹೋದ ವರ್ಷ ಎರಡನೇ ಕೋಣೆಯಲ್ಲಿ ಇದೇ ಪುಡಿ ಚೆಲ್ಲಿದಾಗ ತಮ್ಮ ಇಲಾಖೆಯ ಪರಿವೀಕ್ಷಕರ ಛತ್ರಿ ಒಳಗೆ ಉಳಿದಿತ್ತು. ಹೊರಗೆ ಮೋಡ ಕವಿದಿತ್ತು. ಅರ್ಧ ಗಂಟೆಯಲ್ಲಿ ನಿಮ್ಮ ಸಹಿ ಬಂತು, ಬಾಗಿಲಿನಿಂದಲೇ ಒದ್ದೆ ಮರಳು ಎರಚಿದರು, ಪುಡಿ ತಣ್ಣಗಾಯಿತು, ಛತ್ರಿ ಸುರಕ್ಷಿತವಾಗಿ ಹೊರಬಂತು. ಮನುಷ್ಯರು ಛತ್ರಿಯಷ್ಟು ಬೇಕಾದವರಾಗಲು ಯಾವ ಅರ್ಜಿ ತುಂಬಬೇಕು? ಗೋದಾಮಿನ ಮೇಸ್ತ್ರಿ ದಿನಾ ಹೇಳುತ್ತಾರೆ, “ಮರಳು ನೆನೆಸಿಟ್ಟಿದ್ದೀನಿ ತಾಯಿ. ಒಂದು ಸಹಿ ತಂದ್ಬಿಡಿ, ಊಟದ ಹೊತ್ತಿಗೆ ನಿಮ್ಮ ತಂಗಿ ಹೊರಗಿರ್ತಾಳೆ.”

ದಿನಾ ಆ ಕಿಂಡಿಯ ಮುಂದೆ ನಿಲ್ಲುತ್ತೇನೆ. ಅವಳು ಬಾಗಿಲು ಬಡಿಯಲು ಬೆಳಿಗ್ಗೆ ಕೈ ಎತ್ತಿದರೆ ಅದು ಗಾಜು ಮುಟ್ಟುವಾಗ ಮಧ್ಯಾಹ್ನವಾಗಿರುತ್ತದೆ. ಮುಖದಲ್ಲಿ ಗಾಬರಿ ಇನ್ನೂ ಪೂರ್ತಿ ಮೂಡಿಲ್ಲ. ಮಗುವನ್ನು ಒಂದೂವರೆ ಗಂಟೆ ಅಲುಗದೆ ಎತ್ತಿ ಹಿಡಿದರೆ ಅವಳ ಕಣ್ಣಿಗೆ ಅದು ಒಂದು ಕ್ಷಣ. ಮಗು ಅಷ್ಟು ಹೊತ್ತು ಸುಮ್ಮನಿರುತ್ತದೆಯೇ? ನನ್ನ ತೋಳು ಸೋಲುತ್ತದೆ. ಅವಳು ಮಗುವನ್ನು ಸರಿಯಾಗಿ ನೋಡಿದಳೋ ಇಲ್ಲವೋ ನನಗೆ ಗೊತ್ತಿಲ್ಲ.

ನಾನು ಕೇಳುವುದು ಪರಿಹಾರವಲ್ಲ, ತನಿಖೆಯಲ್ಲ. ಹೊರಗಿನ ಗಡಿಯಾರದ ಲೆಕ್ಕ ಹಿಡಿದು ಈ ಗುರುವಾರದೊಳಗೆ ಸಹಿ ಹಾಕಿ.

ಇಷ್ಟು ಆತುರ ಏಕೆಂದರೆ, ಮೊನ್ನೆ ಮಗು ಮೊದಲ ಮಾತು ಆಡಿತು. ನನ್ನತ್ತ ಎರಡೂ ಕೈ ಚಾಚಿ “ಅಮ್ಮ” ಎಂದಿತು. ಅಮ್ಮ ಅಲ್ಲ ಕಂದ, ದೊಡ್ಡಮ್ಮ ಎಂದು ತಿದ್ದಬೇಕಿತ್ತು. ತಿದ್ದಲಿಲ್ಲ. ನನಗೆ ಖುಷಿಯಾಯಿತು, ಮಾನ್ಯರೇ. ಆ ಬಾಗಿಲು ತೆರೆಯಲಿ ಎಂದು ನಾನು ಇನ್ನೂ ಮನಸಾರೆ ಬಯಸುತ್ತಿರುವಾಗಲೇ ತೆರೆಸಿಬಿಡಿ.

ಇಂತಿ,
ತಂಗಿಯ ಜಾಗದಲ್ಲಿ ಕೂತುಬಿಡುತ್ತಿರುವ
ಒಬ್ಬ ಅಕ್ಕ