ಬೀಳುವಾಗ ಮಾತಾಡಬಾರದು

12-6-78, ಸೋಮವಾರ. ತರೀಕೆರೆ
ಊರೂರಿಗೆ ಸಿನಿಮಾ ತೋರಿಸುವ ಸರ್ಕಾರಿ ವ್ಯಾನ್ ಸರ್ವೀಸ್ ಆಯಿತು. ಪ್ರೊಜೆಕ್ಟರ್‌ಗೆ ಹೊಸ ಬಲ್ಬ್. ಆಫೀಸಿನಿಂದ ಬಂದ ರೀಲಿನ ಡಬ್ಬಿಗಳಲ್ಲಿ ಗೊಬ್ಬರ, ಮಲೇರಿಯಾ, ಸಣ್ಣ ಉಳಿತಾಯ... ಜೊತೆಗೊಂದು ಹಳೇ ಮೂಕಿ ಕಾಮಿಡಿ! ಹದಿನೈದು ದಿನಕ್ಕೆ ಮಾತ್ರ. ಒಬ್ಬನೇ ಹಾಕಿಕೊಂಡು ನೋಡಿದೆ. ಬಡಕಲು ಮನುಷ್ಯ, ಏಣಿ ಹೊತ್ತು ತಿರುಗುತ್ತಾನೆ. ತಿರುಗಿದಾಗೆಲ್ಲ ಹಿಂದಿದ್ದವರು ಉರುಳುತ್ತಾರೆ. ಕೊನೆಗೆ ತಾನೇ ಸುಣ್ಣದ ತೊಟ್ಟಿಗೆ. ಮುಖ ಮಾತ್ರ ಗಂಭೀರ. ಒಂದು ಹೆಜ್ಜೆ ತಪ್ಪಿದರೆ ಕಾಲು ಮುರಿಯುತ್ತಿತ್ತು — ಎಂಥ ಕಸುಬುದಾರ! ಮೂರು ಸಲ ನೋಡಿದೆ. ನಕ್ಕು ನಕ್ಕು ಹೊಟ್ಟೆನೋವು.

14-6
ಅಜ್ಜಂಪುರದಲ್ಲಿ ಜವರಯ್ಯನವರು ಸಿಕ್ಕರು. ಎಪ್ಪತ್ತು ದಾಟಿದೆ. ಮೂಕಿ ಕಾಲದಲ್ಲಿ ಟೆಂಟಿನ ಪರದೆ ಪಕ್ಕ ಕೋಲು ಹಿಡಿದು ನಿಂತು ಜನಕ್ಕೆ ಕಥೆ ಹೇಳುತ್ತಿದ್ದವರು. ಟಾಕಿ ಬಂದ ಮೇಲೆ ಒಂದೂ ಸಿನಿಮಾ ನೋಡಿಲ್ಲವಂತೆ.
“ಅದಕ್ಕೆ ಮಾತ್ ಬಂತು, ನನ್ ಬಾಯಿ ಹೋಯ್ತು. ನಾನ್ಯಾಕ್ ಬರ್ಲಿ ಸ್ವಾಮಿ?”
ಈ ರೀಲು ವಾಪಸ್ ಹೋಗುವುದರೊಳಗೆ ಅವರನ್ನು ಒಂದು ಸಲವಾದರೂ ಪರದೆ ಪಕ್ಕ ನಿಲ್ಲಿಸಬೇಕು.

17-6, ಶನಿವಾರ. ಮಧ್ಯಾಹ್ನ 3
ಅಜ್ಜಂಪುರದ ಶಾಲೆ. ಕಿಟಕಿಗೆಲ್ಲ ಕಂಬಳಿ. ಜವರಯ್ಯ ಬಂದರು! ಆದರೆ ಬಾಗಿಲ ಬಳಿಯೇ ಕುಳಿತರು. ರೀಲು ಶುರುವಾದದ್ದೇ ತಡ, ಕೂಗು: “ಲೇ, ಸೌಂಡ್ ಬಿಡೋ!” ಮೂಕಿ ಎಂದು ಮೊದಲೇ ಹೇಳಬೇಕಿತ್ತು. ಮರೆತೆ, ದಡ್ಡ. ಹೆಡ್‌ಮಾಸ್ಟರು ಮಲ್ಲಿಕಾರ್ಜುನಪ್ಪ ಓಡಿಬಂದು ವಾಲ್ಯೂಮ್ ತಿರುಗಿಸಿದರು — ಬರೀ ಗೊರ್ರ್. ಅರ್ಧ ಜನ ಎದ್ದರು.
ಆಗ ಬಾಗಿಲ ಕಡೆಯಿಂದ —
“ಕೂತ್ಕಳ್ರಪ್ಪಾ! ಈ ಮಹಾನುಭಾವ ಏಣಿ ತಂದವ್ನೆ, ತಲೆ ಜ್ವಾಪಾನ!”
ಹೆಡ್‌ಮಾಸ್ಟರ ಬೆತ್ತ ಹಿಡಿದು ಪರದೆ ಪಕ್ಕ ಜವರಯ್ಯ. ಎದ್ದವರೆಲ್ಲ ಕುಳಿತರು. ಸುಣ್ಣದ ತೊಟ್ಟಿ ಬಂದಾಗ ಮಾತ್ರ ತಟಕ್ಕನೆ ಸುಮ್ಮನಾದರು. ಮಾತು ಮರೆತರೇನೋ... ಅವನು ಬಿದ್ದ. ಹೆಂಚು ಹಾರುವ ಹಾಗೆ ನಗು!
ಆಮೇಲೆ ಕೇಳಿದೆ, ಯಾಕೆ ನಿಲ್ಲಿಸಿದಿರಿ ಎಂದು.
“ಅವ್ನ್ ಬೀಳೋವಾಗ ನಾವ್ ಮಾತಾಡ್ಬಾರ್ದು ಸ್ವಾಮಿ. ನಗೋರ್ಗೆ ಜಾಗ ಬಿಡ್ಬೇಕು.”
ಕಾಲು ಮುಟ್ಟಬೇಕೆನ್ನಿಸಿ ಬಾಗಿದೆ. ಅವರು ಹಿಂದೆ ಸರಿದರು. ಆದರೂ ಮುಟ್ಟಿದೆ.

26-6
ಸಿಂಗಟಗೆರೆ, ಲಕ್ಕವಳ್ಳಿ — ಎರಡು ಶೋಗೂ ಜವರಯ್ಯ ಬಂದರು. ಇಸ್ತ್ರಿ ಮಾಡಿದ ಕೋಟು! ಇವತ್ತು ಕಡೂರು ಸ್ಟೇಷನ್ನಿನಲ್ಲಿ ರೀಲು ಪಾರ್ಸೆಲ್ ಮಾಡಿದೆ. ಸಂಜೆ ಹೇಳಿಬರಲು ಅವರ ಮನೆಗೆ ಹೋದೆ. ಹೆಂಡತಿ ಈಶ್ವರಮ್ಮ ಕಾಫಿ ಕೊಟ್ಟರು. ರೀಲು ಹೋಯಿತೆಂದು ಜವರಯ್ಯನವರಿಗೆ ಹೇಳಿದೆ.
“ಡಬ್ಬಿ ಹೋದ್ರೆ ಹೋಗ್ಲಿ ಬಿಡಿ. ಕೂತ್ಕಳಿ.”
ಕೋಲು ಹಿಡಿದು ಖಾಲಿ ಗೋಡೆ ಪಕ್ಕ ನಿಂತರು. ಅವರ ಮಾತಿನಲ್ಲೇ ಏಣಿ ಬಂತು. ಜನ ಉರುಳಿದರು. ತೊಟ್ಟಿ ಹತ್ತಿರವಾಯಿತು. ಜವರಯ್ಯ ಸುಮ್ಮನಾದರು. ಎದುರಿಗೆ ಸುಣ್ಣ ಬಳಿದ ಗೋಡೆ, ಅಷ್ಟೆ. ನಾನು, ಈಶ್ವರಮ್ಮ ಇಬ್ಬರೂ ನಕ್ಕುಬಿಟ್ಟೆವು.